ಹನ್ನೊಂದನೇ ನಂಬರಿನ ನಮ್ಮ ಟೀವಿ

ಕಳೆದ ಶುಕ್ರವಾರ ಮಧ್ಯಾಹ್ನ ಬಹರೈನಿನ ನಮ್ಮ ಊರವರ ಸಂಘದ ಸಭೆಯಲ್ಲಿ ದೊಡ್ಡ ಪರದೆಯ ಮೇಲೆ ಹಳೆಯ ವಿಡಿಯೋದಲ್ಲಿದ್ದ ಸಂಜೀವಣ್ಣನ ಮುಖ ಮೂಡಿತು. ಹಿಂದಿನಿಂದ ಕಂಪ್ಯೂಟರಿನಲ್ಲಿ ಸೇರಿಸಿದ ನಗು. ಸಭೆಯೂ ನಕ್ಕಿತು. ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ, ಸ್ವಲ್ಪ ಕೇಳಿಸಿಕೊಳ್ಳಿ.

ವಿಡಿಯೋ ಟೇಪಿನ ಕಾಲದಲ್ಲಿ, ಇಲ್ಲಿನ ಉಮ್ ಅಲ್ ಹಸ್ಸಮ್‌ನ ನಮ್ಮ ಹಳೆಯ ಬಿಲ್ಡಿಂಗಿಗೆ ಟೆರೇಸಿನಲ್ಲಿ ಒಂದೇ ಡಿಶ್ಶು. ಅಲ್ಲಿಂದ ಮನೆಮನೆಗೆ ಕೇಬಲ್. ಕಾರ್ಕಳದ ಎಲೆಕ್ಟ್ರಿಷಿಯನ್ ಸಂಜೀವಣ್ಣ ಹನ್ನೊಂದನೇ ನಂಬರಿನ ಚಾನೆಲ್ಲು ಖಾಲಿ ಬಿದ್ದಿದೆಯೆಂದು ಪತ್ತೆಹಚ್ಚಿ, ಅದಕ್ಕೊಂದು ವಿಡಿಯೋ ಕ್ಯಾಮೆರಾ ಸಿಕ್ಕಿಸಿದರು. ಅಷ್ಟೇ, ನಮ್ಮದೇ ಟೀವಿ. ಶುಕ್ರವಾರ ಹತ್ತು ಗಂಟೆಗೆ ಅವರ ರೂಮಿನಲ್ಲಿ ಗೋಡೆಗೆ ಬೆಡ್‌ಶೀಟು ಕಟ್ಟಿ ಶುರು. ಮೂರನೇ ಮಾಳಿಗೆಯ ನರ್ಸ್ ಲಿಲ್ಲಿಬಾಯಿ ಬಂಗುಡೆ ಸಾರು ಕಲಿಸುತ್ತಿದ್ದರು. ಕ್ಯಾಮೆರಾ ಗಿಡ್ಡ ಸ್ಟೂಲಿನ ಮೇಲಿದ್ದುದರಿಂದ ನಮಗೆ ಕಂಡದ್ದು ಬಳೆ ಮತ್ತು ಪಾತ್ರೆ ಮಾತ್ರ. ನಾನು ವಾರ್ತೆ ಓದುವವ: ಯಾವ ಕೋಲ್ಡ್ ಸ್ಟೋರಿಗೆ, ಅಂದರೆ ದಿನಸಿ ಅಂಗಡಿಗೆ, ಕುಚ್ಚಲಕ್ಕಿ ಬಂತು, ಲಿಫ್ಟು ಯಾವಾಗ ರಿಪೇರಿ. ಮೇಲೆ ಟೈ, ಕೆಳಗೆ ಲುಂಗಿ. ಒಮ್ಮೆ ಮರೆತು ಎದ್ದು ನಿಂತೆ. ಆ ವಾರವಿಡೀ ಮೆಟ್ಟಿಲಲ್ಲಿ ತಲೆಯೆತ್ತಲಿಲ್ಲ.

ಎಲ್ಲರೂ ತಪ್ಪದೆ ನೋಡುತ್ತಿದ್ದದ್ದು ‘ಊರಿಗೆ ಹೊರಟವರು’. ರಜೆಗೆ ಹೋಗುವವರು ಕುರ್ಚಿಯಲ್ಲಿ ಕುಳಿತು ಪೆಟ್ಟಿಗೆಯಲ್ಲಿ ಎಷ್ಟು ಜಾಗ ಉಳಿದಿದೆಯೆಂದು ಹೇಳುವುದು. ಉಳಿದವರು ಮನೆಗೆ ಕಳಿಸುವುದನ್ನು ತಂದುಕೊಡುವುದು. ಒಂದು ಶುಕ್ರವಾರ ಆ ಕುರ್ಚಿಯಲ್ಲಿ ಸಂಜೀವಣ್ಣನೇ ಕುಳಿತರು. ಅಂದು ಬೆಳಿಗ್ಗೆ ಅವರ ಅಮ್ಮ ತೀರಿಹೋದ ಸುದ್ದಿ ಬಂದಿತ್ತು. ಕ್ಯಾಮೆರಾದ ಹಿಂದಿದ್ದ ನನಗೆ ಮಾತ್ರ ಗೊತ್ತು.

“ನನ್ನ ಪೆಟ್ಟಿಗೆ ಪೂರ್ತಿ ಖಾಲಿ ಉಂಟು. ಎಂತ ತಕೊಳ್ಳಿಕ್ಕೂ ಟೈಮಿಲ್ಲ. ನಿಮ್ಮ ಮನೆಗೆ ಎಂತಾದ್ರೂ ಇದ್ರೆ ಸಂಜೆಯೊಳಗೆ ಕೊಡಿ” ಎಂದರು. ಮತ್ತೇನೋ ಹೇಳಲು ಬಾಯಿ ತೆರೆದರು, ಸ್ವರ ಹೊರಡಲಿಲ್ಲ. ಮುಚ್ಚಿದರು, ಮತ್ತೆ ತೆರೆದರು. ಅದೆಲ್ಲ ಟೇಪಿನಲ್ಲಿ ಉಳಿದುಕೊಂಡಿತು.

ಕಳೆದ ಶುಕ್ರವಾರದ ಸಭೆಗೆ ಸಂಘದವರು ಆ ತೆರೆದ ಬಾಯನ್ನೇ ಕತ್ತರಿಸಿ, ನಾಲ್ಕು ಸಲ ತಿರುಗಿಸಿ, ನಗು ಅಂಟಿಸಿದ್ದರು. ಸಂಘದ ಸೆಕ್ರೆಟರಿಯನ್ನು ಕೇಳಿದರೆ, “ಅಂಕಲ್, ಫನ್‌ಗೆ ಹಾಕಿದ್ದು. ಎಲ್ಲರೂ ಎಂಜಾಯ್ ಮಾಡಿದ್ರಲ್ಲ” ಎಂದ. ನಮ್ಮ ಬೆಡ್‌ಶೀಟು ನೋಡಿ ನಗಲಿ, ನನ್ನ ಲುಂಗಿ ನೋಡಿ ಹೊಟ್ಟೆ ಹಿಡಿದುಕೊಂಡು ನಗಲಿ. ಇದನ್ನು ನೋಡಿ ನಗುವುದೇ?

ಪಕ್ಕದಲ್ಲೇ ಕುಳಿತಿದ್ದ ಸಂಜೀವಣ್ಣ ಮೆಲ್ಲಗೆ ಕೇಳಿದರು: “ಆ ಟೇಪು ಇವರಿಗೆ ಎಲ್ಲಿ ಸಿಕ್ಕಿತು ಮಾರಾಯ?”

“ನಾನೇ ಕೊಟ್ಟದ್ದು ಸಂಜೀವಣ್ಣ.”

“ಕೊಡುವಾಗ ಎಂತ ಹೇಳಿದ್ದು ನೀನು?”

“ಭಾರೀ ತಮಾಷೆ ಉಂಟು, ನೋಡಿ ಅಂತ.”

ನನ್ನ ಸಿಟ್ಟೆಲ್ಲ ತಿರುಗಿ ನನ್ನ ಮೇಲೇ ಬಂತು. ಎದ್ದುಹೋಗಿ, ವಂದನಾರ್ಪಣೆ ಮಾಡುತ್ತಿದ್ದವರ ಕೈಯಿಂದ ಮೈಕು ತೆಗೆದುಕೊಂಡೆ.

“ಆ ಟೇಪು ಕೊಟ್ಟವ ನಾನು” ಎಂದೆ. “ಆ ದಿನ ಬೆಳಿಗ್ಗೆ ಇವರ ಅಮ್ಮ ತೀರಿಹೋಗಿದ್ದರು. ಅದನ್ನು ಹೇಳದೆ ಕೊಟ್ಟೆ.”