ಮೊದಲು ಬರೆಯಬೇಕಾದ ಕಾಯಿಲೆ
ಮೆಟ್ಟಿಲ ಮೇಲೆ ಊರುಗೋಲಿನ ಟಕ್ ಟಕ್ ಕೇಳಿದರೆ ಪಕ್ಕದ ಮನೆಯ ಕೋಡಿಂಗ್ ಅಕ್ಕನ ಮಗಳು ಕಾಲೇಜಿನಿಂದ ಬಂದಳೆಂದು ಅರ್ಥ. ಆಸ್ಪತ್ರೆಯಲ್ಲಿ ರೋಗಗಳಿಗೆ ಸಂಕೇತ ಸಂಖ್ಯೆ ಕೊಡುವುದು ಅಕ್ಕನ ಕೆಲಸ, ಅದಕ್ಕೇ ಆ ಹೆಸರು. ಬೇರೆ ಕಾಯಿಲೆಯಿಂದ ಮೂಳೆ ಸತ್ತಿದ್ದರೆ ಮೊದಲು ಆ ಕಾಯಿಲೆಯನ್ನೇ ಬರೆಯಬೇಕಂತೆ, ಮೂಳೆ ಆಮೇಲೆ. ಆ ನಿಯಮ ಅವಳ ತಲೆಯಿಂದ ಇಳಿಯುವುದೇ ಇಲ್ಲ. ನಾನು ಸೀನಿದರೂ, ನಲ್ಲಿ ಸೋರಿದರೂ, "ಅದಿರ್ಲಿ, ಮೂಲ ಯಾವುದು ಹೇಳೇ" ಎನ್ನುತ್ತಾಳೆ. ಹಾಲು ಒಡೆದರೆ ಹಸುವಿನವರೆಗೂ ಹೋಗುತ್ತಾಳೆ. ನಿನ್ನೆ ಮಹಡಿಯಲ್ಲಿ ಬಟ್ಟೆ ಒಣಹಾಕುತ್ತ, ಹಿಂಡಿದ ಟವಲನ್ನೇ ಮತ್ತೆ ಮತ್ತೆ ಹಿಂಡಿದಳು. "ನನ್ನ ಮಗಳ ಸೊಂಟದ ಮೂಳೆ ಸತ್ತಿದ್ದು ಹುಟ್ಟಿನಿಂದ ಬಂದ ರಕ್ತದ ಕಾಯಿಲೆಯಿಂದ. ಆ ರಕ್ತ ನಂದು, ಅವಳಪ್ಪಂದು. ಹಾಗಾದ್ರೆ ಮೊದಲು ಯಾರನ್ನ ಬರೀಲಿ?" ಅಷ್ಟರಲ್ಲಿ ಮೇಲೇರಿ ಬರುತ್ತಿದ್ದ ಟಕ್ ಟಕ್ ಅರ್ಧ ಮೆಟ್ಟಿಲಲ್ಲೇ ನಿಂತಿತು. "ಅವಳೇ ಕೇಳಿಬಿಟ್ರೆ ನಾನು ಏನಂತ..." ಎನ್ನುತ್ತಲೇ ಅಕ್ಕ ಇಳಿದುಹೋದಳು.