ಅಕ್ಕಿ ಡಬ್ಬಿಯೊಳಗಿನ ಸಿನಿಮಾ

ಅಪ್ಪಿ ಎರಡನೇ ಸಿಡಿಯನ್ನು ಅಕ್ಕಿ ಡಬ್ಬಿಯೊಳಗೆ ಹುದುಗಿಸಿ ಮುಚ್ಚಳ ಬಿಗಿದಳು. ಮೂವತ್ತು ವರ್ಷ ಗಂಡನ ಕಣ್ಣಿಗೆ ಬೀಳದಂತೆ ಕಾಪಾಡಿದ್ದು ಈಗ ಮಸ್ಕತ್ ಹತ್ತಿರದ ಮಬೇಲಾದಲ್ಲಿ, ಮನೆಯೊಳಗೇ ಬಂದು ಕೂತಿತ್ತು. ಗಂಡ ಕೊಗ್ಗಣ್ಣನಿಗೆ ನಾಳೆ ಮಸ್ಕತ್ತಿನಲ್ಲಿ ಹೃದಯದ ಆಪರೇಷನ್. ಅಪ್ಪನ ಮನಸ್ಸು ಹಗುರಾಗಲಿ ಎಂದು ಮಗ ಅಕ್ಷಿತ್ ಊರಿನಿಂದ ಅಮ್ಮನ ಹಳೇ ಸಿನಿಮಾದ ಎರಡು ಸಿಡಿ ತರಿಸಿದ್ದ. ಮಕ್ಕಳ ಪ್ರೀತಿಯೂ ಕೆಲವೊಮ್ಮೆ ಹೀಗೆ ಕುತ್ತಿಗೆಗೆ ಬರುತ್ತದೆ.

ತುಳು ಸಿನಿಮಾ ಅಂಬೆಗಾಲಿಡುತ್ತಿದ್ದ ಕಾಲದಲ್ಲಿ ಅಪ್ಪಿ ನಾಯಕಿ. ನಾಟಕದಿಂದ ಬಂದವಳು. ಹೊಳೆದಂಡೆಯಲ್ಲಿ ಸೀರೆ ಅಡ್ಡ ಹಿಡಿಸಿ ಬಟ್ಟೆ ಬದಲಾಯಿಸಿ, ತಾನೇ ಬಣ್ಣ ಹಚ್ಚಿಕೊಂಡು, ಶೂಟಿಂಗಿನ ಬೆಳಕಿಗಾಗಿ ಮೋಡ ಸರಿಯುವ ತನಕ ಅಳು ತಡೆದು ನಿಂತವಳು. ಈ ಸಿನಿಮಾದ ಕೊನೆಯ ಅರ್ಧದಲ್ಲಿ ಅವಳು ವಿಧವೆ. ಬಳೆ ಒಡೆಯುವ ದೃಶ್ಯಕ್ಕೆ ಟಾಕೀಸಿನ ಹೆಂಗಸರೆಲ್ಲ ಹೋ ಎಂದು ಅತ್ತಿದ್ದರು.

ಮದುವೆಯಾಗಿ ಬಂದ ವಾರವೇ ಅತ್ತೆ ದೈವದ ಮುಂದೆ ನಿಲ್ಲಿಸಿ ಆಣೆ ಹಾಕಿಸಿದರು. ಇನ್ನು ಬಣ್ಣ ಹಚ್ಚಕೂಡದು. ವಿಧವೆಯ ವೇಷದಲ್ಲಿ ಹೆಂಡತಿಯನ್ನು ನೋಡಿದರೆ ತನ್ನ ಮಗ ಬದುಕುವುದಿಲ್ಲ ಎಂದರು. ಆಮೇಲೆ ಕಾರು ಮಾಡಿಕೊಂಡು ಹುಡುಕಿ ಬಂದ ನಿರ್ಮಾಪಕರನ್ನು ಅಪ್ಪಿ ಅಂಗಳದಿಂದಲೇ ಕಳಿಸಿದಳು. ಆಸೆಯೇನೂ ಸತ್ತಿರಲಿಲ್ಲ. ಹೆದರಿಕೆ ಅದಕ್ಕಿಂತ ದೊಡ್ಡದಿತ್ತು.

ಮೊದಲ ಸಿಡಿ ಓಡುವಷ್ಟು ಹೊತ್ತೂ ಅವಳು ಅಡುಗೆಮನೆಯ ಬಾಗಿಲಲ್ಲೇ ನಿಂತಿದ್ದಳು. ಟೀವಿಯಲ್ಲಿ ಎಳೆಯ ಅಪ್ಪಿ ಗದ್ದೆಯಲ್ಲಿ ಭತ್ತದ ನೇಜಿ ನೆಡುತ್ತ ನಗುತ್ತಿದ್ದಳು. ಅಷ್ಟರಲ್ಲಿ ಸಿಡಿ ಮುಗಿಯಿತು.

“ಇನ್ನೊಂದು ಹಾಕು ಮಾರಾಯ್ತಿ,” ಎಂದ ಕೊಗ್ಗಣ್ಣ.

“ಅದು ಹಾಳಾಗಿದೆ. ಖಲಾಸ್. ನೀವು ಮಲಗಿ.”

“ಇಲ್ಲದಿದ್ರೂ ಅಡ್ಡಿಲ್ಲ. ಮುಂದೆ ದೋಣಿ ಮಗುಚಿ ನಿನ್ನ ಸಿನಿಮಾದ ಗಂಡ ಸಾಯ್ತಾನೆ. ನೀನು ಹೊಸ್ತಿಲಿಗೆ ಕೈ ಬಡಿದು ಬಳೆ ಒಡೀತಿ. ಗಾಜು ತಾಗಿ ನಿಜವಾದ ರಕ್ತವೇ ಬಂತು, ಆದ್ರೂ ನೀನು ನಿಲ್ಲಿಸ್ಲಿಲ್ಲ. ಉಡುಪಿಗೆ ಸೈಕಲ್ ತುಳಿದು ಹೋಗಿ ಮತ್ತೆ ಮತ್ತೆ ನೋಡಿದ್ದೆ. ಅದನ್ನು ನೋಡಿಯೇ ಅಲ್ವಾ ನಾನು ಹೆಣ್ಣು ಕೇಳ್ಲಿಕ್ಕೆ ಬಂದದ್ದು!”

ಅಪ್ಪಿಯ ಕೈ ತಾನಾಗಿ ಮಣಿಕಟ್ಟಿನ ಹಳೇ ಕಲೆಯ ಮೇಲೆ ಹೋಯಿತು. ನೋಡಿಯೂ ಬದುಕಿದ್ದಾನೆ! ಒಂದು ಗಳಿಗೆ ಜೀವ ಬಂದಂತಾಯಿತು. ಮರುಗಳಿಗೆ ಮೈಯೆಲ್ಲ ಉರಿಯಿತು.

“ಮದುವೆಗೆ ಮೊದಲೇ ನೋಡಿದ್ರಾ? ಅತ್ತೆ ಆಣೆ ಹಾಕಿಸುವಾಗ ನೀವು ಪಕ್ಕದಲ್ಲೇ ನಿಂತಿದ್ರಿ! ನೋಡಿದ್ದೇನೆ ಅಂತ ಯಾಕೆ ಹೇಳ್ಲಿಲ್ಲ?”

ಕೊಗ್ಗಣ್ಣನ ನಗು ಇಂಗಿತು. “ಅಮ್ಮನ ಎದುರು ನಾನು…” ಎಂದು ತೊದಲಿದ.

ಅಪ್ಪಿ ಒಳಗೆ ಹೋಗಿ ಡಬ್ಬಿಯಿಂದ ಸಿಡಿ ತೆಗೆದಳು. ಸೆರಗಿನಿಂದ ಅಕ್ಕಿಯ ಹುಡಿ ಒರೆಸಿ ಪ್ಲೇಯರಿಗೆ ಹಾಕಿ, ಗಂಡನ ಪಕ್ಕದಲ್ಲೇ ಕೂತಳು.

“ಈಗ ಹೇಳ್ಬೇಡಿ. ನಾಳೆ ಬದುಕಿ ಬನ್ನಿ. ಉತ್ತರ ನನಗೆ ಆಮೇಲೆ ಬೇಕು.”