ಹೆಸರು ಪೂರ್ತಿ ಓದುವ ಖಜಾಂಚಿ

ಡಿಸೆಂಬರಿನ ಒಂದು ದಿನ, ಬೆಳಗಿನ ಆರೂವರೆ. ಹೊರಗೆ ಮೊಣಕಾಲುದ್ದ ಹಿಮ. ಶಾಸನಸಭೆಯ ಕಟ್ಟಡದ ನೆಲಮಾಳಿಗೆಯಲ್ಲಿ ಮಾರ್ಲಿಸ್ ಟೋರ್ವಿಕ್ ಕೋಟು ಕೂಡ ಬಿಚ್ಚದೆ ಒಂದು ತಗಡಿನ ಪೆಟ್ಟಿಗೆಯ ಮುಂದೆ ಕೂತಿದ್ದಾರೆ. ಎದುರಿಗೆ ಗುಮಾಸ್ತೆ ಲೊರೇನ್, ಕೈಯಲ್ಲಿ ಪೆನ್ಸಿಲ್ಲು. ಪೆಟ್ಟಿಗೆ ತೆರೆಯುವಾಗ ಒಬ್ಬರು ಗಟ್ಟಿಯಾಗಿ ಹೇಳಬೇಕು, ಇನ್ನೊಬ್ಬರು ಬರೆಯಬೇಕು. ಇಲ್ಲಿಯ ಕಟ್ಟಳೆ ಅದು.

“ಹಳದಿ ಬಣ್ಣದ ಲೋಹದ ಉಂಗುರ, ಒಂದು.”

“ಚಿನ್ನ ಅಂತ ಕಣ್ಣಿಗೇ ಕಾಣ್ತಿದೆಯಲ್ಲ, ಮಾರ್ಲಿಸ್!”

“ನಿನ್ನ ಗಂಡನೂ ನಿನ್ನ ಕಣ್ಣಿಗೆ ಚಿನ್ನವಾಗೇ ಕಂಡಿದ್ದ. ಹಳದಿ ಲೋಹ ಅಂತ ಬರಿ.”

ಕಂಡದ್ದನ್ನು ಮಾತ್ರ ಬರೆಯಬೇಕು, ಅಂದಾಜು ಬರೆಯುವಂತಿಲ್ಲ. ಬಾಡಿಗೆ ನಿಂತು, ವಾರಸುದಾರರೂ ಕಾಣದ ಬ್ಯಾಂಕ್ ಲಾಕರುಗಳ ಸಾಮಾನು ಕಡೆಗೆ ಬಂದು ಬೀಳುವುದು ರಾಜ್ಯದ ಖಜಾಂಚಿಯ ಕೋಣೆಗೆ. ಮಾರ್ಲಿಸ್ ಆ ಖಜಾಂಚಿ. ಎರಡು ಸಲ ಜನ ಓಟು ಹಾಕಿ ಆರಿಸಿದ್ದಾರೆ. ಹಾಗಿದ್ದರೂ ಜನಕ್ಕೆ ಅವರ ಗುರುತಿಲ್ಲ. ಮತಪತ್ರದಲ್ಲಿ ಅವರ ಹುದ್ದೆ ಬರುವುದು ಕಟ್ಟಕಡೆಗೆ, ಅಷ್ಟು ಕೆಳಗೆ ಬರುವ ಹೊತ್ತಿಗೆ ಎಷ್ಟೋ ಜನಕ್ಕೆ ಸಾಕಾಗಿ ಖಾಲಿ ಬಿಟ್ಟು ಹೋಗುತ್ತಾರೆ.

“ಸರ್ಕಾರದ ಪ್ರತಿ ಚೆಕ್ಕಿನ ಮೇಲೂ ನನ್ನ ಸಹಿ ಇದೆ. ಅಂಗಡಿ ಹುಡುಗಿ ಕಾರ್ಡಲ್ಲಿ ನನ್ನ ಹೆಸರು ನೋಡಿ, ಸರ್ಕಾರಿ ಚೆಕ್ಕಿನ ಆ ಸಹಿಯವರು ನಿಮಗೆ ನೆಂಟರಾ ಅಂದ್ಲು. ದೂರದ ನೆಂಟರು ಅಂದು ಆಲೂಗಡ್ಡೆ ತಗೊಂಡು ಬಂದೆ.”

ಗೋಧಿ ಕಣಜದ ಕಾವಲುಗಾರನ ಮಗಳು. ಹತ್ತೊಂಬತ್ತಕ್ಕೆ ಜಿಲ್ಲಾ ಕಚೇರಿಯಲ್ಲಿ ಟೈಪು ಹೊಡೆಯಲು ಸೇರಿ, ಮೂರು ಸಲ ಜಿಲ್ಲೆಯ ಖಜಾಂಚಿಯಾಗಿ, ಐವತ್ತೊಂಬತ್ತಕ್ಕೆ ರಾಜಧಾನಿಗೆ ಬಂದವರು. ದಿನಕ್ಕೆ ಎಂಟು ಪೆಟ್ಟಿಗೆ ತೆರೆಯುತ್ತಾರೆ. ವಾರಸುದಾರರು ಸಿಗುವುದು ಎರಡಕ್ಕೋ ಮೂರಕ್ಕೋ. ಬೇಸಿಗೆಯಲ್ಲಿ, ಅಭ್ಯರ್ಥಿಯನ್ನು ಆರಿಸುವ ಪಕ್ಷದೊಳಗಿನ ಚುನಾವಣೆಯಲ್ಲೇ ಸೋತರು. ಗೆದ್ದವನು ಈ ಕೋಣೆಯ ಚಿತ್ರ ತೋರಿಸಿ “ಅಜ್ಜಿಯ ಗುಜರಿ” ಎಂದು ಎಲ್ಲರನ್ನೂ ನಗಿಸಿದ. ಜನವರಿಯಲ್ಲಿ ಕೋಣೆಯ ಸಾಮಾನೆಲ್ಲ ಹರಾಜಂತೆ. ಅದಕ್ಕೇ ಈಗ ಈ ಆತುರ.

ಅಕ್ಟೋಬರಿನ ಒಂದು ಬೆಳಿಗ್ಗೆ ಹಳೆಯ ಪೆಟ್ಟಿಗೆಯೊಂದನ್ನು ಮತ್ತೆ ತೆರೆದರು. ಚೀಟಿಯಲ್ಲಿ “ಹೃದಯದಾಕಾರದ ಲೋಹ, ಒಂದು. ನೇರಳೆ ಪಟ್ಟಿ, ಒಂದು” ಎಂದಿತ್ತು. ಯುದ್ಧದಲ್ಲಿ ಗಾಯಗೊಂಡವರಿಗೆ, ಸತ್ತರೆ ಅವರ ಮನೆಗೆ ಕೊಡುವ ಪದಕ. ಹದಿನೈದು ವರ್ಷದಲ್ಲಿ ಯಾರೂ ಅದನ್ನು ಮಗುಚಿ ನೋಡಿರಲಿಲ್ಲ. ಮಾರ್ಲಿಸ್ ಮಗುಚಿ, ಕೆತ್ತಿದ ಹೆಸರು ಓದಿದರು. “ಡೆಲ್ಮರ್ ಬ್ಲೂ ಕ್ರೇನ್.”

“ಕ್ರೇನ್ ಮನೆತನ, ಹೆಸರು ಡೆಲ್ಮರ್ ಬ್ಲೂ. ಹಾಗೇ ತಾನೆ?” ಲೊರೇನ್ ಕೇಳಿದಳು.

ಮಾರ್ಲಿಸ್ ಅಲ್ಲವೆಂದು ತಲೆಯಾಡಿಸಿ, ಹಳೆಯ ಕಾಗದಗಳ ಕಟ್ಟು ಬಿಚ್ಚಿದರು. ಅವರು ಹುಟ್ಟಿದ್ದು ಅಲ್ಲಿಯ ಮೂಲನಿವಾಸಿಗಳಾದ ಲಕೋಟಾ ಜನರ ಸೀಮೆಯ ಅಂಚಿನಲ್ಲಿ. ಬ್ಲೂ ಕ್ರೇನ್ ಎಂದರೆ ನೀಲಿ ಕೊಕ್ಕರೆ. ಎರಡೂ ಸೇರಿಯೇ ಒಂದು ಮನೆತನ. ಅದನ್ನು ಕಡಿದು ಬರೆದದ್ದಕ್ಕೆ, ಲಾಕರು ಹಿಡಿದಿದ್ದ ಡೆಲ್ಮರನ ತಾಯಿ ಆಗ್ನೆಸಳ ಹೆಸರಿಗೆ ಹೋಗಬೇಕಾದ ಕಾಗದ ವರ್ಷವರ್ಷವೂ ಪೂರ್ವದ ಕಡೆಯ ಯಾವುದೋ ಕ್ರೇನ್ ಕುಟುಂಬಕ್ಕೆ ಹೋಗಿ, “ನಮ್ಮವರಲ್ಲ” ಎಂದು ವಾಪಸು ಬರುತ್ತಿತ್ತು.

“ಎಂಟು ವರ್ಷದ ಕಾಗದದ ಕೆಳಗೆ ನನ್ನದೇ ಸಹಿ. ಹತ್ತೊಂಬತ್ತನೇ ವಯಸ್ಸಲ್ಲಿ ನಾನೂ ಹೀಗೇ ಹೆಸರು ಕಡಿದು ಟೈಪು ಹೊಡೀತಿದ್ದೆ. ಯಾರೂ ತಪ್ಪು ಅನ್ನಲಿಲ್ಲ.”

ಪೂರ್ತಿ ಹೆಸರಿಟ್ಟು ಹುಡುಕಿದಾಗ ಸಿಕ್ಕ ಡೆಲ್ಮರನ ಅಕ್ಕ ವರ್ನಾ ಬ್ಲೂ ಕ್ರೇನ್‌ಗೆ ಎಂಬತ್ತೊಂದು. ಮಾರ್ಲಿಸ್ ಐದು ತಾಸು ಕಾರು ಓಡಿಸಿಕೊಂಡು ಹೋಗಿ ಬಾಗಿಲು ತಟ್ಟಿದರು.

“ಸರ್ಕಾರದವರಿಗೆ ಕಾಫಿ ಕೊಡೋ ಅಭ್ಯಾಸ ಈ ಮನೇಲಿಲ್ಲ,” ಎಂದಳು ವರ್ನಾ. “ಆದ್ರೂ ಬಾ, ಕೂತ್ಕೋ.”

ಪದಕ ಮೇಜಿನ ಮೇಲೆ ಬಂತು. ವರ್ನಾ ಮುಟ್ಟಲಿಲ್ಲ.

“ಇದನ್ನ ನನ್ನ ಕಿರೀ ತಮ್ಮ ಆಲ್ವಿನ್ ಮಾರಿ ಕುಡಿದ ಅಂತ ಅಂದ್ಕೊಂಡ್ವಿ. ಅಮ್ಮ ಲಾಕರಲ್ಲಿ ಇಟ್ಟಿದ್ದು ಯಾರಿಗೂ ಹೇಳ್ಲಿಲ್ಲ, ಆ ಚಳಿಗಾಲ್ದಲ್ಲೇ ಹೋದ್ಲು. ಅವನು ಇಲ್ಲ ಅಕ್ಕಾ, ಇಲ್ಲ ಅಕ್ಕಾ ಅಂತಾನೇ ಇದ್ದ. ನಾನು ಅವನಿಗೆ ಒಂದು ತಟ್ಟೆ ಊಟ ಹಾಕ್ಲಿಲ್ಲ.”

ಒಂಬತ್ತು ವರ್ಷದ ಕೆಳಗೆ ಜನವರಿಯಲ್ಲಿ, ಒಲೆ ಆರಿಹೋದ ತಗಡಿನ ಟ್ರೇಲರ್ ಮನೆಯಲ್ಲಿ ಆಲ್ವಿನ್ ಒಬ್ಬನೇ ಚಳಿಗೆ ಸೆಟೆದು ಸತ್ತು ಬಿದ್ದಿದ್ದ.

“ನಿಮ್ಮ ಮೊದಲನೇ ಕಾಗದ ನೆಟ್ಟಗೆ ಬಂದಿದ್ರೆ?” ವರ್ನಾ ಕೇಳಿದಳು.

“ಆಗಿನ್ನೂ ಅವರು ಇದ್ರು,” ಎಂದರು ಮಾರ್ಲಿಸ್. ಕ್ಷಮಿಸಿ ಎನ್ನಲು ಬಾಯಿ ಬರಲಿಲ್ಲವಂತೆ. ಆ ಮಾತು ತೀರಾ ಚಿಕ್ಕದಾಗಿ ಕಂಡಿತಂತೆ.

ವರ್ನಾ ಕೋಟು ಹಾಕಿಕೊಂಡಳು. ಇಬ್ಬರೂ ಗುಡ್ಡದ ಮೇಲಿನ ಸಮಾಧಿಗಳ ಕಡೆ ನಡೆದರು. ಡೆಲ್ಮರನ ಕಲ್ಲಿನ ಹತ್ತಿರ ವರ್ನಾ ನಿಲ್ಲಲಿಲ್ಲ. ಕಲ್ಲೇ ಇಲ್ಲದ, ಬರೀ ಮರದ ಶಿಲುಬೆಯ ಮುಂದೆ ನಿಂತಳು.

“ಆ ಚೀಟಿ ಓದು. ಗಟ್ಟಿಯಾಗಿ ಓದು. ಇವನಿಗೆ ಕಿವಿ ಮಂದ.”

ಮಾರ್ಲಿಸ್ ಓದಿದರು. ಹೃದಯದಾಕಾರದ ಲೋಹ, ಒಂದು. ನೇರಳೆ ಪಟ್ಟಿ, ಒಂದು. ಪ್ರತಿ ಚೀಟಿಯ ಕೊನೆಗೂ ಅಚ್ಚು ಹಾಕಿರುವ ಎರಡು ಪದ ಇವೆ, ಮಾರಿದೆ, ಮಾರಿಲ್ಲ. ಸಾಮಾನು ಹರಾಜಾಗಿದೆಯೋ ಇಲ್ಲವೋ ನೋಡಿ ಗುಮಾಸ್ತರು ಒಂದಕ್ಕೆ ಗುರುತು ಹಾಕುತ್ತಾರೆ. ಅವನ್ನು ಯಾರೂ ಯಾವತ್ತೂ ಗಟ್ಟಿಯಾಗಿ ಓದಿದ್ದಿಲ್ಲ.

“ಮಾರಿಲ್ಲ,” ಎಂದು ಓದಿದರು ಮಾರ್ಲಿಸ್.

“ಇನ್ನೊಂದ್ಸಲ.”

“ಮಾರಿಲ್ಲ.”

ಹೀಗೆ ಕಡಿದ ಹೆಸರುಗಳು ಪಟ್ಟಿಯಲ್ಲಿ ಇನ್ನೂರ ಹನ್ನೆರಡು ಸಿಕ್ಕವು. ಡಿಸೆಂಬರಿನ ಈ ವಾರಕ್ಕೆ ನೂರ ಮೂವತ್ತು ಸರಿಯಾಗಿವೆ. ಉಳಿದಿರುವುದು ಹದಿನೆಂಟು ದಿನ, ದಿನಕ್ಕೆ ಎರಡು ಮೂರರಂತೆ ಸಾಲುವುದಿಲ್ಲವೆಂದು ಮಾರ್ಲಿಸ್‌ಗೆ ಗೊತ್ತು.

“ಹೊಸಬರು ಹರಾಜು ಹಾಕೋದಾದ್ರೆ ಹಾಕ್ಲಿ, ಜನ ಅವರನ್ನ ಆರಿಸಿದ್ದಾರೆ,” ಎನ್ನುತ್ತಾ ಅವರು ಇನ್ನೊಂದು ಪೆಟ್ಟಿಗೆ ಎಳೆದುಕೊಳ್ಳುತ್ತಾರೆ. “ಸುತ್ತಿಗೆ ಕುಟ್ಟೋ ಮುಂಚೆ ಒಂದ್ಸಲ ಪೂರ್ತಿ ಹೆಸರು ಗಟ್ಟಿಯಾಗಿ ಓದಿಸ್ಲಿ. ನಾನು ಕೇಳೋದು ಅಷ್ಟೇ.”